ಪಡಸಾಲೆಯ ಬೈಠಕ್

ಟೀವಿಯಲ್ಲಿ ಶಾಸ್ತ್ರೀಯ ಸಂಗೀತ ಕೇಳಿಬಂತೆಂದರೆ ನಮ್ಮ ಓಣಿಯಲ್ಲಿ ಮೊದಲು ಹುಟ್ಟುತ್ತಿದ್ದ ಪ್ರಶ್ನೆ, "ಯಾರು ತೀರಿಕೊಂಡ್ರು?" ಎಂಬುದು. ನಗಬೇಡಿ. 1984ರ ಅಕ್ಟೋಬರ್ 31ರಂದು ಇಂದಿರಾ ಗಾಂಧಿಯವರ ಹತ್ಯೆಯಾದಾಗ ಇಡೀ ಓಣಿಗೆ ಇದ್ದದ್ದು ಒಂದೇ ಟೀವಿ, ಕಾಳಿನ ವ್ಯಾಪಾರಿಯೊಬ್ಬರ ಮನೆಯಲ್ಲಿ. ನಾವೆಲ್ಲ ಅಲ್ಲಿಯೇ ನೆರೆದಿದ್ದೆವು. ಶೋಕದ ದಿನಗಳು ಮುಗಿಯುವವರೆಗೆ ವಾರ್ತೆ ಬಿಟ್ಟರೆ ಸಾರಂಗಿ, ಸಾರಂಗಿ ಬಿಟ್ಟರೆ ಶಹನಾಯಿ. ಅಂದಿನ ಮಕ್ಕಳ ಮನಸ್ಸಿನಲ್ಲಿ ಸಾರಂಗಿಗೂ ಸಾವಿಗೂ ಗಂಟು ಬಿದ್ದುಹೋಯಿತು. ಆಮೇಲೆ ಯಾವ ದೊಡ್ಡವರು ಹೋದರೂ ಅದೇ ಕ್ರಮ. ಒಂದು ಸಂಜೆ ಪಾಪ, ಯಾರೋ ಉಸ್ತಾದರು ಗಟ್ಟಿಮುಟ್ಟಾಗಿ ಕೂತು ನಗುನಗುತ್ತ ಸರೋದ ಬಾರಿಸುತ್ತಿದ್ದರೆ ಎದುರು ಮನೆಯ ಅಜ್ಜಿ ಸೆರಗು ಬಾಯಿಗಿಟ್ಟುಕೊಂಡು, "ಅಯ್ಯ ಶಿವನ, ಈ ಸಲ ಯಾರವಾ?" ಎಂದು ಕಟ್ಟೆ ಹತ್ತಿ ಬಂದಿದ್ದಳು.

ನನ್ನ ಮದುವೆ 1991ರ ಮೇ ತಿಂಗಳ ಕೊನೆಯ ವಾರ. ಆ ತಿಂಗಳ 21ರಂದು ಶ್ರೀಪೆರಂಬುದೂರಿನಲ್ಲಿ ರಾಜೀವ್ ಗಾಂಧಿಯವರು ಬಾಂಬಿಗೆ ಬಲಿಯಾಗಿದ್ದರು. ದೇಶವೆಲ್ಲ ಶೋಕದಲ್ಲಿದ್ದರೂ ಮುಹೂರ್ತ ಮುಂದೆ ಹಾಕುವಂತಿರಲಿಲ್ಲ. ಚಪ್ಪರ ಬಿದ್ದಿತ್ತು, ಬುಂದಿಯ ಕಾಳು ಕರಿದಿದ್ದಾಗಿತ್ತು. ಬೀಗರಿಗೆ ಟೀವಿಯಲ್ಲಿ ನೋಡಲು ಏನೂ ಇಲ್ಲವಲ್ಲ ಎಂದು ನಮ್ಮಪ್ಪನಿಗೆ ಸಂಕಟ. ಒಳಗೆ ಹೆಂಗಸರೆಲ್ಲ ಸುರಗಿ ಸುತ್ತುವ ಗಡಿಬಿಡಿಯಲ್ಲಿದ್ದರೆ ನಮ್ಮವ್ವ ಎಲ್ಲಿಯೂ ಕಾಣಿಸಲಿಲ್ಲ. ಹುಡುಕಿಕೊಂಡು ಹೋದರೆ ಪಡಸಾಲೆಯಲ್ಲಿ ಅರಿಶಿನದ ಕೈ ಒಣಗಿಸಿಕೊಳ್ಳುತ್ತ ಟೀವಿಯ ಮುಂದೆ ಒಬ್ಬಳೇ ನಿಂತಿದ್ದಳು. ನನ್ನನ್ನು ಕಂಡು ಕಳ್ಳತನದಲ್ಲಿ ಸಿಕ್ಕವಳಂತೆ ನಕ್ಕು ಅಂದಳು: "ದೊಡ್ಡಾವ್ರು ಯಾರರ ಸತ್ತಾಗಷ್ಟ ನಮಗ ಒಳ್ಳೆ ಸಂಗೀತ ಹೊಟ್ಟಿತುಂಬ ಕೇಳಾಕ ಸಿಗತೈತಿ ನೋಡ ತಂಗಿ."

ಆ ಮಾತು ಕೇಳಿ ನಾನು ಸಿಟ್ಟಾದೆ. ಮಗಳ ಮದುವೆಯ ಮನೆಯಲ್ಲಿ ಆಡುವ ಮಾತೇ ಇದು?

ಅವ್ವನ ತವರು ಗದಗಿನ ಹತ್ತಿರದ ಒಂದು ಹಳ್ಳಿ. ಗದಗೆಂದ ಮೇಲೆ ವೀರೇಶ್ವರ ಪುಣ್ಯಾಶ್ರಮದ ಹೆಸರು ನಿಮಗೆ ಗೊತ್ತೇ ಇರುತ್ತದೆ. ಪಂಚಾಕ್ಷರ ಗವಾಯಿಗಳು ಕಟ್ಟಿ, ಅವರ ಶಿಷ್ಯ ಪುಟ್ಟರಾಜ ಗವಾಯಿಗಳು ಬೆಳೆಸಿದ ಆ ಆಶ್ರಮದಲ್ಲಿ ಅಂಧ ಮಕ್ಕಳು ಸಂಗೀತ ಕಲಿತು ಹೊಟ್ಟೆ ಹೊರೆದುಕೊಳ್ಳುವಂತಾದರು. ಅಲ್ಲಿ ಕಲಿತ ಮಾಸ್ತರರೊಬ್ಬರು, ಕಣ್ಣು ಕಾಣದವರು, ವಾರಕ್ಕೊಮ್ಮೆ ಬಸ್ಸಿನಲ್ಲಿ ಬಂದು ಅವ್ವನಿಗೆ ಪೇಟಿ ಕಲಿಸುತ್ತಿದ್ದರು. ಎರಡು ವರ್ಷ. ಭೂಪ, ದುರ್ಗಾ, ಯಮನ್, ಮೇಲೆ ಎರಡು ವಚನ. ಅಜ್ಜ ಇಷ್ಟೆಲ್ಲ ಖರ್ಚು ಮಾಡಿದ್ದು ಮಗಳು ಗವಾಯಿಯಾಗಲೆಂದಲ್ಲ. ಆಗ ಕನ್ಯೆ ನೋಡಲು ಬಂದವರು "ಹುಡುಗಿಗೆ ಹಾಡಾಕ ಬರತೈತೇನು?" ಎಂದು ಕೇಳುವ ಪದ್ಧತಿಯಿತ್ತು. ಬಣ್ಣ ಸ್ವಲ್ಪ ಕಡಿಮೆಯಿದ್ದ ಹುಡುಗಿಗೆ ಹಾಡು ಒಂದಷ್ಟು ಅಂಕ ತಂದುಕೊಡುತ್ತಿತ್ತು. ಅವ್ವ 1959ರಲ್ಲಿ ಒಂದು ವಚನ ಹಾಡಿ ಪಾಸಾದಳು.

ಪಾಸಾದ ಮೇಲೆ ಪುಸ್ತಕ ಯಾರು ತೆಗೆಯುತ್ತಾರೆ? "ಮನೆತನಸ್ಥರ ಮನಿಯಾಗ ಸೊಸೆದೇರು ಪೇಟಿ ಬಾರಸ್ತಾರೇನು?" ಎಂದರಂತೆ ನಮ್ಮ ಅಜ್ಜಿ. ಹಾಡಿಗಾಗಿಯೇ ಒಪ್ಪಿ ತಂದವರು, ತಂದ ಮೇಲೆ ಹಾಡಬೇಡ ಎಂದರು. ಪೇಟಿ ತವರಿನ ಅಟ್ಟದಲ್ಲಿಯೇ ಉಳಿದು ಇಲಿಗಳ ಪಾಲಾಯಿತು. ಈ ಪೇಟಿಯ ಹಣೆಬರಹವೂ ಚೋದ್ಯದ್ದೇ. ಅದರಲ್ಲಿ ಮೀಂಡ್ ಬರುವುದಿಲ್ಲ, ಸೂಕ್ಷ್ಮ ಶ್ರುತಿಗಳು ಹೊರಡುವುದಿಲ್ಲ ಎಂದು ಆಕಾಶವಾಣಿ 1940ರಲ್ಲಿ ಅದನ್ನು ಹೊರಗಿಟ್ಟಿತು. ಮತ್ತೆ ಒಳಗೆ ಬಿಟ್ಟುಕೊಂಡದ್ದು 1971ರಲ್ಲಿ. ಅಂತೂ ಮೂವತ್ತೊಂದು ವರ್ಷಕ್ಕೆ ಸರಕಾರದ ಮನಸ್ಸು ಕರಗಿತು. ನಮ್ಮ ಮನೆಯ ಮನಸ್ಸು ಮಾತ್ರ ಕರಗಲಿಲ್ಲ.

ರೇಡಿಯೋ ಇತ್ತು, ನಿಜ. ಧಾರವಾಡ ಕೇಂದ್ರ 1950ರಿಂದಲೂ ಇತ್ತು. ಮಲ್ಲಿಕಾರ್ಜುನ ಮನಸೂರರು, ಬಸವರಾಜ ರಾಜಗುರುಗಳು, ಗಂಗೂಬಾಯಿಯವರು ನಮ್ಮ ಗೋಡೆಯ ಗೂಡಿನಿಂದಲೇ ಹಾಡಿದ್ದಾರೆ. ಆದರೆ ರೇಡಿಯೋದ ಕಿವಿ ಅಪ್ಪನ ಕೈಯಲ್ಲಿತ್ತು. ಅಡತಿ ಅಂಗಡಿಯಲ್ಲಿ ದಿನವೆಲ್ಲ ಲೆಕ್ಕ ಬರೆದು ಬಂದವರು ಪೇಟೆ ಧಾರಣೆ, ವಾರ್ತೆ ಕೇಳಿ ಬಂದ್ ಮಾಡಿದರೆಂದರೆ ಮುಗಿಯಿತು. ಒಲೆಯ ಮುಂದಿನ ಹೆಂಗಸರಿಗೆ ದಾಟಿ ಬಂದದ್ದಷ್ಟೇ ಸಂಗೀತ, ಅದೂ ಒಗ್ಗರಣೆಯ ಸದ್ದಿನಲ್ಲಿ ಅರ್ಧ. ಇನ್ನು ಬೈಠಕ್ಕುಗಳ ಮಾತಂತೂ ದೂರ. ಪುಣ್ಯತಿಥಿಗಳಿಗೆ ಇಡೀ ರಾತ್ರಿ ಸಂಗೀತ ನಡೆದರೆ ನಮ್ಮ ಮನೆಯ ಗಂಡಸರು ಕಂಬಳಿ ಹೊತ್ತು ಹೋಗಿ ಬೆಳಿಗ್ಗೆ ಕೆಂಪು ಕಣ್ಣಿನಲ್ಲಿ ಬಂದು, "ಏನ್ ಹಾಡಿದರಪಾ!" ಎಂದು ಚಹಾ ಕುಡಿಯುತ್ತಿದ್ದರು. ಆ ಚಹಾ ಮಾಡಿಕೊಟ್ಟದ್ದೇ ಅವ್ವ ಕೇಳಿದ ಬೈಠಕ್ಕು.

1984ರ ಸುಮಾರಿಗೆ ದೇಶದ ಊರೂರಿಗೂ ಕಡಿಮೆ ಶಕ್ತಿಯ ಪ್ರಸಾರ ಕೇಂದ್ರಗಳು ಎದ್ದವು. ನಮ್ಮ ಮನೆಗೆ ಟೀವಿ ಬಂದದ್ದು 1986ರಲ್ಲಿ. ಎಳೆದು ಮುಚ್ಚುವ ಬಾಗಿಲಿದ್ದ ಕಪ್ಪುಬಿಳುಪಿನ ಪೆಟ್ಟಿಗೆ, ಅದರ ಪಕ್ಕಕ್ಕೆ ಸ್ಟೆಬಿಲೈಸರು, ಮಾಳಿಗೆಯ ಮೇಲೆ ಗಾಳಿಗೆ ತಿರುಗುವ ಆಂಟೆನಾ. ಆಗ ನಾನು ಬಿ.ಎ. ಓದುತ್ತಿದ್ದೆ. ನಮಗೆ ಹೆಚ್ಚಾಗಿ ಸಿಗುತ್ತಿದ್ದುದು ದೆಹಲಿಯ ಕಾರ್ಯಕ್ರಮಗಳೇ. ಮರು ವರ್ಷ ರಾಮಾಯಣ ಆರಂಭವಾದ ಮೇಲೆ ಭಾನುವಾರ ಬೆಳಿಗ್ಗೆ ನಮ್ಮ ಪಡಸಾಲೆಯಲ್ಲಿ ಕಾಲಿಡಲು ಜಾಗವಿರುತ್ತಿರಲಿಲ್ಲ. ಚಪ್ಪಲಿಗಳು ಕಟ್ಟೆ ದಾಟಿ ಬೀದಿಗೆ ಹರಿದಿರುತ್ತಿದ್ದವು.

ಸಂಗೀತ ಬಂದಾಗ ನೋಡಬೇಕಿತ್ತು ತಮಾಷೆ. ರೇಷ್ಮೆ ಸೀರೆಯುಟ್ಟ ನಿರೂಪಕಿ ಕೈಮುಗಿದು ಕಲಾವಿದರ ಹೆಸರು ಹೇಳುವಷ್ಟರಲ್ಲಿ ಮಕ್ಕಳೆಲ್ಲ ಎದ್ದು ಓಡಿಯಾಗಿರುತ್ತಿತ್ತು. ತಂಬೂರಿ ಮಿಡಿಯುವ ಹೊತ್ತಿಗೆ ಹೆಂಗಸರು ಮೊರ, ಬೀಸಣಿಕೆ ತೆಗೆದುಕೊಂಡು ಹೊರಟರು. ಷಡ್ಜ ಹಚ್ಚುವಾಗ ಅಪ್ಪ ಗಡಿಯಾರಕ್ಕೆ ಕೀಲಿ ಕೊಡುತ್ತ, "ಕರೆಂಟ್ ಬಿಲ್ಲು ಬರತೈತಿ" ಎಂದರು. ಪಡಸಾಲೆ ಖಾಲಿ. ಉಳಿದವಳು ಅವ್ವ ಒಬ್ಬಳೇ. ಅವಳೂ ಸುಮ್ಮನೆ ಕೂಡುತ್ತಿರಲಿಲ್ಲ. ಅಕ್ಕಿಯ ತಟ್ಟೆಯನ್ನೋ ಬಿಡಿಸುವ ಅವರೆಕಾಯನ್ನೋ ತೊಡೆಯ ಮೇಲೆ ಇಟ್ಟುಕೊಂಡೇ ಕೂಡುವಳು. ಬರಿಗೈಯಲ್ಲಿ ಸಂಗೀತ ಕೇಳುವ ಧೈರ್ಯ ನಮ್ಮ ಮನೆಯ ಹೆಂಗಸರಿಗೆ ಇರಲಿಲ್ಲವೆಂದು ಈಗ ತೋರುತ್ತದೆ. ಅಕ್ಕಿಯಲ್ಲಿ ಆರಿಸಲು ಏನೂ ಉಳಿಯದಿದ್ದರೂ ಬೆರಳುಗಳು ಆಡುತ್ತಲೇ ಇರುತ್ತಿದ್ದವು.

ಟೀವಿಯವರ ಸಂಗೀತದಲ್ಲಿ ಕೊರತೆಗಳಿದ್ದವು. ಬೈಠಕ್ಕಿನಲ್ಲಿ ಒಂದು ತಾಸು ಅರಳುವ ಬಡಾ ಖ್ಯಾಲನ್ನು ಅರ್ಧ ತಾಸಿನೊಳಗೆ ಮಡಿಸಿ, ಅದರಲ್ಲಿಯೇ ಛೋಟಾ ಖ್ಯಾಲನ್ನೂ ತುರುಕಬೇಕು. ಬಿಳಿ ಹಾಸು ಹೊದಿಸಿದ ಹಲಗೆಯ ಮೇಲೆ ಕಲಾವಿದರು, ಹಿಂದೆ ಕಾಗದದ ಹೂವೋ ಕಮಾನೋ. ಎದುರಿಗೆ "ವಾಹ್" ಅನ್ನಲು ಒಬ್ಬ ನರಪಿಳ್ಳೆಯಿಲ್ಲ. ತಲೆದೂಗುವವರಿಲ್ಲದೆ ಕ್ಯಾಮೆರಾದ ಗಾಜಿಗೆ ಹಾಡುವುದೆಂದರೆ ಗೋಡೆಗೆ ಊಟ ಬಡಿಸಿದ ಹಾಗೆ. ಇನ್ನು ಕ್ಯಾಮೆರಾದ ಆಟ. ಹಾಡುವವರು ಮೇಲಿನ ಷಡ್ಜದತ್ತ ಹೊರಟರೆಂದರೆ ಸರಿಯಾಗಿ ಅದೇ ಹೊತ್ತಿಗೆ ಅದು ತಬಲಾದವರ ಬೆರಳಿಗೆ ಹಾರುತ್ತಿತ್ತು, ಇಲ್ಲವೇ ತಂಬೂರಿ ಹಿಡಿದ ಹುಡುಗಿಯ ಕಿವಿಯ ಝುಮಕಿಗೆ. ಅವ್ವ ಅಕ್ಕಿಯ ತಟ್ಟೆ ಕುಕ್ಕಿ, "ಅತ್ಲಾಗ ಯಾಕ ಹೋದಿ? ಮಾರಿ ತೋರ್ಸೋ ತಮ್ಮಾ!" ಎಂದು ಆ ಕಾಣದ ಕ್ಯಾಮೆರಾದವನನ್ನು ಬಯ್ಯುತ್ತಿದ್ದಳು.

ಮುಖ ಅವಳಿಗೆ ಯಾಕೆ ಬೇಕಾಗಿತ್ತೆಂದು ನನಗೆ ತಿಳಿದದ್ದು ಗಂಗೂಬಾಯಿ ಹಾನಗಲ್ಲರು ಟೀವಿಯಲ್ಲಿ ಬಂದ ರಾತ್ರಿ.

ರೇಡಿಯೋದಲ್ಲಿ ಅವರನ್ನು ಕೇಳುವಾಗ ನಾನು ಚಿಕ್ಕವಳು. ಹಾಡುತ್ತಿರುವುದು ಗಂಡಸೆಂದೇ ಬಹಳ ದಿನ ತಿಳಿದಿದ್ದೆ. ಹೆಸರು ಹೇಳುವವರು ತಪ್ಪು ಹೇಳುತ್ತಾರೆಂಬುದು ನನ್ನ ಸಮಾಧಾನ. ಅಷ್ಟು ಗಡಸು, ಅಷ್ಟು ತುಂಬಿದ ಧ್ವನಿ. ಹರೆಯದಲ್ಲಿ 'ಗಾಂಧಾರಿ ಹಾನಗಲ್' ಎಂಬ ಹೆಸರಿನಲ್ಲಿ ಗ್ರಾಮಫೋನ್ ತಟ್ಟೆಗಳಿಗೆ ಹಾಡಿದಾಗ ಅವರದು ತೆಳುವಾದ ಕಂಠವೇ ಆಗಿತ್ತು. ಆಮೇಲೆ ಗಂಟಲಿಗೆ ಆದ ಚಿಕಿತ್ಸೆಯಿಂದ ಧ್ವನಿ ಒಡೆದು ಕೆಳಗಿಳಿಯಿತು. ಇನ್ನೊಬ್ಬಳಾಗಿದ್ದರೆ ಹಾಡುವುದನ್ನೇ ಬಿಟ್ಟು ಕೂಡುತ್ತಿದ್ದಳೇನೋ. ಅವರು ಆ ಒಡೆದ ಧ್ವನಿಯನ್ನೇ ಹಿಡಿದುಕೊಂಡು ಹುಬ್ಬಳ್ಳಿಯಿಂದ ರೈಲು ಹತ್ತಿ ಕುಂದಗೋಳಕ್ಕೆ, ಸವಾಯಿ ಗಂಧರ್ವರ ಹತ್ತಿರ ಹೋಗಿಬಂದು ಕಲಿತರು. ಇದನ್ನೆಲ್ಲ ನಾನು ಓದಿ ತಿಳಿದದ್ದು ಬಹಳ ತಡವಾಗಿ. ಅಂದು ನಾನು ಕಂಡದ್ದು, ಪರದೆಯ ಮೇಲೆ ಕೂತಿದ್ದ ಒಬ್ಬ ಸಣ್ಣಾಳು. ಮೂಗಿನಲ್ಲಿ ಮೂಗುತಿ, ಹಣೆಗೆ ಕುಂಕುಮ, ಹೊದ್ದ ಸೆರಗು. ಹಿಂದಿನ ಓಣಿಯಿಂದ ಮಜ್ಜಿಗೆಯ ಹೆಪ್ಪು ಕೇಳಲು ಬಂದ ಹಿರಿಯಳ ಹಾಗೆ. ಬೆನ್ನ ಹಿಂದೆ ತಂಬೂರಿ ಹಿಡಿದು ದನಿಗೂಡಿಸಲು ಮಗಳು ಕೃಷ್ಣಾ.

ಚಂದ್ರಕೌಂಸ್ ಎಂದು ಹಿಂದಿಯಲ್ಲಿ ಬರೆದು ತೋರಿಸಿದರು. ಮೊದಲು ಏನೂ ಆಗಲಿಲ್ಲ. ಒಂದು ಸ್ವರ, ಆಮೇಲೆ ಇನ್ನೊಂದು. ನಾನು ನೋಟ್ಸ್ ಬರೆಯುತ್ತ ಮೂಲೆಯಲ್ಲಿದ್ದೆ. ಸ್ವಲ್ಪ ಹೊತ್ತಿಗೆ ಅಕ್ಕಿಯ ಸದ್ದು ನಿಂತಿತು. ತಲೆಯೆತ್ತಿ ನೋಡಿದರೆ ಅವ್ವ ತಟ್ಟೆಯನ್ನು ನೆಲಕ್ಕಿಟ್ಟಿದ್ದಳು. ಗಂಗೂಬಾಯಿಯವರು ಒಂದು ಕೈಯನ್ನು ಮುಂದಕ್ಕೆ ಚಾಚಿ, ಬಾಯಿ ಪೂರ್ತಿ ತೆರೆದು, ಮೇಲಿನ ಸ್ವರಕ್ಕೆ ಹೋಗುತ್ತಿದ್ದರು. ಹುಬ್ಬು ಗಂಟಿಕ್ಕಿತ್ತು, ಕತ್ತಿನ ನರ ಉಬ್ಬಿತ್ತು. ತಾನು ಚೆಂದ ಕಾಣುತ್ತೇನೋ ಇಲ್ಲವೋ ಎಂಬ ಗೊಡವೆ ಆ ಮುಖದಲ್ಲಿ ಎಳ್ಳಷ್ಟೂ ಇರಲಿಲ್ಲ. ಪುಣ್ಯಕ್ಕೆ ಕ್ಯಾಮೆರಾ ಅಂದು ಅತ್ತಿತ್ತ ಓಡಲಿಲ್ಲ.

"ಎಷ್ಟ ಬಾಯಿ ತೆರೀತಾರ ನೋಡ ತಂಗಿ" ಎಂದಳು ಅವ್ವ, ಪಿಸುಮಾತಿನಲ್ಲಿ. ಆಮೇಲೆ ಬಹಳ ಹೊತ್ತು ಬಿಟ್ಟು, "ನಮಗ ಬಾಯಿ ಮುಚ್ಚಿ ಹಾಡೂದು ಕಲಿಸಿದ್ರು."

ಕನ್ಯೆ ನೋಡಲು ಬಂದವರ ಮುಂದೆ ಹಾಡುವಾಗ ಹಲ್ಲು ಕಾಣಬಾರದು, ಕಣ್ಣು ಚಾಪೆಯ ಮೇಲಿರಬೇಕು, ಕುತ್ತಿಗೆ ಅಲುಗಬಾರದು. ಅಜ್ಜಿ ಕನ್ನಡಿಯ ಮುಂದೆ ಕೂಡಿಸಿ ತಿದ್ದಿದ್ದಳಂತೆ. ಮಾಸ್ತರರಿಗೆ ಕಣ್ಣು ಕಾಣುತ್ತಿರಲಿಲ್ಲವಾದ್ದರಿಂದ, "ದನಿ ಯಾಕ ಹೊರಗ ಬರವಲ್ದು, ಮಗಳ?" ಎಂದು ಅವರು ಮತ್ತೆ ಮತ್ತೆ ಕೇಳುತ್ತಿದ್ದರೆಂದು ಅವ್ವ ಆ ರಾತ್ರಿ ಹೇಳಿದಳು. ರೇಡಿಯೋ ಅವಳಿಗೆ ಇಪ್ಪತ್ತೈದು ವರ್ಷ ಹಾಡುಗಳನ್ನು ಕೇಳಿಸಿತ್ತು. ಹಾಡುವ ಹೆಂಗಸಿನ ಮುಖವನ್ನು ಅದು ತೋರಿಸುವಂತಿರಲಿಲ್ಲ.

ಅಂದಿನಿಂದ ಅವ್ವನಿಗೆ ಟೀವಿಯ ಸಂಗೀತದ ಹುಚ್ಚು ಹಿಡಿಯಿತು. ರಾಷ್ಟ್ರೀಯ ಸಂಗೀತ ಕಾರ್ಯಕ್ರಮ ಬರುತ್ತಿದ್ದುದು ರಾತ್ರಿ ಎಲ್ಲರ ನಿದ್ದೆಯ ಹೊತ್ತಿಗೆ. ಅಪ್ಪನ ಗೊರಕೆ ಶುರುವಾದ ಮೇಲೆ ಬಂದು, ಧ್ವನಿ ಎಷ್ಟು ಸಣ್ಣದು ಮಾಡಲು ಸಾಧ್ಯವೋ ಅಷ್ಟು ಸಣ್ಣದು ಮಾಡಿ, ಪೆಟ್ಟಿಗೆಗೆ ಕಿವಿ ಹಚ್ಚಿಕೊಂಡು ಕೂಡುವಳು. ಹಾಗೆ ಕೂತರೆ ಚಿತ್ರ ಕಾಣುತ್ತಿರಲಿಲ್ಲ, ಹಿಂದೆ ಸರಿದರೆ ಕೇಳುತ್ತಿರಲಿಲ್ಲ. ಹೀಗೆ ಹಿಂದೆ ಮುಂದೆ ಓಲಾಡುತ್ತ ಮನಸೂರರನ್ನು ನೋಡಿದಳು. ಹಣೆಯ ವಿಭೂತಿ, ಎಲುಬಿನ ಹಂದರದಂಥ ಮೈ, ಎಳೆಯ ಮಗುವಿನ ನಗು. ಭೀಮಸೇನ ಜೋಶಿಯವರನ್ನು ನೋಡಿದಳು. ಅವರು ಮೈ ತಿರುವಿ, ಕೈ ಎಸೆದು, ಮುಖ ಕಿವಿಚಿ ಹಾಡುವುದನ್ನು ನನ್ನ ತಮ್ಮಂದಿರು ಅಣಕಿಸಿ ನಗುತ್ತಿದ್ದರೆ, "ನಗಬ್ಯಾಡ್ರಿ. ಭಾರ ಎತ್ತೋರ ಮಾರಿ ಹಂಗ ಇರತೈತಿ" ಎಂದು ಗದರಿದಳು. 1988ರ ಆಗಸ್ಟ್ 15ರಿಂದ 'ಮಿಲೇ ಸುರ್ ಮೇರಾ ತುಮ್ಹಾರಾ' ಬರತೊಡಗಿತಲ್ಲ, ನಿಮಗೆಲ್ಲ ನೆನಪಿರಬೇಕು. ಅದರಲ್ಲಿ ಮೊದಲ ದನಿ ಭೀಮಸೇನರದೇ, ರಾಗ ಭೈರವಿ. "ನಮ್ಮ ಗದಗಿನಾಂವ!" ಎಂದು ಅವ್ವ ಸೌಟು ಹಿಡಿದುಕೊಂಡೇ ಓಡಿಬರುವಳು. ಅವರ ಭಾಗ ಮುಗಿದದ್ದೇ ಒಳಗೆ ಹೋಗಿಬಿಡುವಳು. ಮುಂದೆ ಬರುವ ಸಿನೆಮಾ ನಟರು, ಆನೆ, ರೈಲು ಯಾವುದೂ ಅವಳಿಗೆ ಬೇಕಿರಲಿಲ್ಲ.

ನಾನು ಶಿಕ್ಷಕಿಯಾದ ಮೇಲೆ ನಮ್ಮ ಶಾಲೆಗೆ ಮೈಸೂರು ಕಡೆಯ ಒಬ್ಬ ಸಹೋದ್ಯೋಗಿ ಬಂದರು. ಅವರ ಒತ್ತಾಯಕ್ಕೆ ಒಂದು ವರ್ಷ ಪುಷ್ಯ ಬಹುಳ ಪಂಚಮಿಯ ಬೆಳಿಗ್ಗೆ ತಿರುವೈಯಾರಿನಿಂದ ನೇರ ಪ್ರಸಾರವಾಗುವ ತ್ಯಾಗರಾಜರ ಆರಾಧನೆ ನೋಡಿದೆವು. ನಾಟ, ಗೌಳ, ಆರಭಿ, ವರಾಳಿ, ಶ್ರೀ ರಾಗಗಳ ಐದು ಕೃತಿಗಳನ್ನು ಕಾವೇರಿಯ ದಂಡೆಯ ಚಪ್ಪರದಲ್ಲಿ ನೂರಾರು ಮಂದಿ ಒಟ್ಟಿಗೆ ಕೂತು ಹಾಡುತ್ತಾರೆ. ಅವ್ವನಿಗೆ ತೆಲುಗು ತಿಳಿಯದು, ಆ ಪದ್ಧತಿಯ ಸಂಗೀತವೂ ಹೊಸದು. ಅವಳು ಹೆಂಗಸರ ಸಾಲನ್ನು ಎಣಿಸುತ್ತ ಕೂತಳು. "ಎಷ್ಟ ಮಂದಿ ಹೆಣ್ಮಕ್ಕಳು ಹಾಡಾಕತ್ತಾರ!" ಆ ಸಾಲು ಅಲ್ಲಿಗೆ ಸುಮ್ಮನೆ ಬಂದದ್ದಲ್ಲವೆಂದು ನನಗೂ ಆಗ ಗೊತ್ತಿರಲಿಲ್ಲ. ತ್ಯಾಗರಾಜರ ಸಮಾಧಿಯ ಮೇಲೆ ಗುಡಿ ಕಟ್ಟಿಸಿದವರು ನಮ್ಮ ಬೆಂಗಳೂರು ನಾಗರತ್ನಮ್ಮ, ತಾವು ಹಾಡಿ ಗಳಿಸಿದ ಹಣದಿಂದ. ಅಂಥವರಿಗೇ ಆರಾಧನೆಯಲ್ಲಿ ಹಾಡಲು ಬಿಡಲಿಲ್ಲ, ಹೆಂಗಸೆಂದು. ಅವರು ಹೆಂಗಸರದೇ ಬೇರೆ ಆರಾಧನೆ ನಡೆಸಿದರು. 1940ರ ಹೊತ್ತಿಗೆ ಗುಂಪುಗಳೆಲ್ಲ ಒಂದಾದ ಮೇಲೆ ಹೆಂಗಸರಿಗೆ ಅಲ್ಲಿ ಜಾಗ ಸಿಕ್ಕಿತು. ಅವ್ವ ಇದ್ದಾಗ ಇದು ತಿಳಿದಿದ್ದರೆ ಹೇಳುತ್ತಿದ್ದೆ.

ಇನ್ನು ಬರೆಯಲೇಬೇಕಾದ ಮಾತೊಂದಿದೆ. ಇಷ್ಟು ಹೊತ್ತು ಸುತ್ತಿ ಬಳಸಿ ನಡೆದದ್ದು ಅದನ್ನು ತಪ್ಪಿಸಿಕೊಳ್ಳಲೆಂದೇ ಇರಬಹುದು.

ಅಪ್ಪ 1996ರಲ್ಲಿ ಹೋದರು. ಅವ್ವ ನಮ್ಮ ಮನೆಗೆ ಬಂದಳು. ನಮ್ಮದು ಎರಡು ಕೋಣೆಯ ಬಾಡಿಗೆ ಮನೆ. ಟೀವಿ ಇದ್ದ ಪಡಸಾಲೆಯಲ್ಲಿಯೇ ಅವ್ವನ ಹಾಸಿಗೆ. ಆ ಹೊತ್ತಿಗೆ ಕೇಬಲ್ ಬಂದಿತ್ತು. ಸಂಜೆ ಧಾರಾವಾಹಿ, ನಮ್ಮ ಮನೆಯವರಿಗೆ ಕ್ರಿಕೆಟ್, ಮಗನಿಗೆ ಕಾರ್ಟೂನ್. ಇವೆಲ್ಲ ಮುಗಿದು ದೀಪವಾರಿಸಿದ ಮೇಲೆ ಅವ್ವನ ಪಾಳಿ. ನಮ್ಮ ಮನೆಯವರು ಒಳ್ಳೆಯವರು. ಒಮ್ಮೆಯೂ ಬೇಡವೆನ್ನಲಿಲ್ಲ. ಬೇಡವೆಂದವಳು ನಾನು.

1999ರ ಅರ್ಧವಾರ್ಷಿಕ ಪರೀಕ್ಷೆಯ ದಿನಗಳು. ಎಂಬತ್ತು ಉತ್ತರಪತ್ರಿಕೆಗಳು ತಿದ್ದುವುದು ಉಳಿದಿದ್ದವು. ಮರುದಿನ ಕೊಡಬೇಕು. ಸಂಜೆ ಶಾಲೆಯಲ್ಲಿ ಎಲ್ಲರೆದುರು ಒಂದು ಮಾತು ಕೇಳಿ ಬಂದಿದ್ದೆ. ತಲೆ ಸಿಡಿಯುತ್ತಿತ್ತು. ಪಡಸಾಲೆಯಿಂದ ಒಂದು ದನಿ ಎಳೆಯುತ್ತಲೇ ಇತ್ತು. ಒಂದೇ ಸ್ವರದ ಸುತ್ತ, ಬಾವಿಯ ಸುತ್ತ ತಿರುಗುವ ಎತ್ತಿನ ಹಾಗೆ. ಎದ್ದು ಹೋಗಿ, "ಅವ್ವಾ, ಏನಬೇ ಇದು? ಒಂದ ಅಕ್ಷರ ಹಿಡಕೊಂಡು ಅರ್ಧ ತಾಸು! ನಿನಗ ನಿದ್ದಿ ಇಲ್ಲ, ಮಂದಿಗೂ ನಿದ್ದಿ ಇಲ್ಲ" ಎಂದು ಟೀವಿ ಬಂದ್ ಮಾಡಿಬಿಟ್ಟೆ. ಪರದೆಯ ನಡುವೆ ಒಂದು ಬೆಳಕಿನ ಚುಕ್ಕೆ ಉಳಿದು ಆರಿತು.

ಕತ್ತಲೆಯಲ್ಲಿ ಅವ್ವನ ಮುಖ ಕಾಣಲಿಲ್ಲ. "ಹೂಂ, ಮಲಗೂಣಳವಾ. ನಿನಗ ದಣಿವಾಗೇತಿ" ಎಂದಳು. ದನಿಯಲ್ಲಿ ಮುನಿಸಿರಲಿಲ್ಲ. ಇದ್ದಿದ್ದರೆ ನಾನೂ ನಾಲ್ಕು ಮಾತಾಡಿ, ಜಗಳವಾಗಿ, ಮರುದಿನ ಸರಿಹೋಗುತ್ತಿತ್ತು.

ಮುಂದೆ ಅವಳು ರಾತ್ರಿ ಟೀವಿ ಹಚ್ಚಲೇ ಇಲ್ಲ. ಅದನ್ನು ನಾನು ಗಮನಿಸಿದ್ದು ಎಷ್ಟೋ ತಿಂಗಳ ಮೇಲೆ, ಅದೂ ನಮ್ಮ ಮನೆಯವರು, "ನಿಮ್ಮವ್ವ ಈಗ ಸಂಗೀತ ಕೇಳೂದ ಬಿಟ್ರೇನು?" ಎಂದು ಕೇಳಿದಾಗ. ಸಂಜೆ ನಮ್ಮೊಡನೆ ಧಾರಾವಾಹಿ ನೋಡುತ್ತಿದ್ದಳು, ಅತ್ತೆಯನ್ನು ಬಯ್ಯುತ್ತಿದ್ದಳು, ಸೊಸೆಗೆ ಮರುಗುತ್ತಿದ್ದಳು. ಎಲ್ಲರಂತೆ ಆದಳೆಂದು ನನಗೆ ಒಳಗೊಳಗೇ ನಿರಾಳವೂ ಆಗಿತ್ತು. 2002ರ ಜನವರಿ 26ರಂದು ಕಲೆ ಸಂಸ್ಕೃತಿಗಳಿಗೆಂದೇ ಡಿಡಿ ಭಾರತಿ ಆರಂಭವಾಯಿತು. ನಮ್ಮಲ್ಲಿ ಅದು ಕಡೆಯ ನಂಬರುಗಳಲ್ಲೆಲ್ಲೋ, ಪರದೆಯ ತುಂಬ ಇರುವೆ ಹರಿದಾಡಿದಂತೆ ಬರುತ್ತಿತ್ತು. ಹುಡುಕಿ ಹಚ್ಚಿ, "ಬಾಬೇ, ನಿನ್ನ ಸಂಗೀತ" ಎಂದು ಕರೆದೆ. ಬಂದು ಕೂತಳು. ಐದು ನಿಮಿಷಕ್ಕೆ, "ನೀ ಲಗೂ ಏಳಬೇಕಲ್ಲ, ಮಲಗ ಹೋಗ" ಎಂದು ತಾನೇ ಬಂದ್ ಮಾಡಿದಳು. 2005ರಲ್ಲಿ ತೀರಿಕೊಂಡಳು. ಅವಳು ಬಾಯಿ ತೆರೆದು ಹಾಡಿದ್ದನ್ನು ನಾನು ಒಮ್ಮೆಯೂ ಕೇಳಲಿಲ್ಲ. ಹಿತ್ತಿಲಲ್ಲಿ ಬಟ್ಟೆ ಒಗೆಯುವಾಗ ಗುನುಗುತ್ತಿದ್ದುದುಂಟು. ನಳದ ನೀರಿನ ಸದ್ದಿನಲ್ಲಿ ಅದು ಯಾವ ರಾಗವೆಂದು ತಿಳಿಯುತ್ತಿರಲಿಲ್ಲ. ತಿಳಿಯುವಷ್ಟು ವಿದ್ಯೆ ನನ್ನಲ್ಲಿಯೂ ಇರಲಿಲ್ಲ.

2009ರ ಜುಲೈ 21ರಂದು ಗಂಗೂಬಾಯಿಯವರು ಹುಬ್ಬಳ್ಳಿಯಲ್ಲಿ ನಿಧನರಾದಾಗ ಅವರಿಗೆ ತೊಂಬತ್ತಾರು. ನಮ್ಮ ಶಾಲೆಯಲ್ಲಿ ಶ್ರದ್ಧಾಂಜಲಿ ಸಭೆ ನಡೆಯಿತು. ಎರಡು ಮಾತು ಹೇಳುವ ಕೆಲಸ ನನಗೆ ಬಂತು. ಒಂಬತ್ತನೆಯ ಇಯತ್ತೆಯ ಹುಡುಗಿಯೊಬ್ಬಳು ಎದ್ದು, "ಅವರು ಸಿನೆಮಾದಾಗ ಹಾಡ್ಯಾರೇನ್ರಿ ಟೀಚರ್?" ಎಂದು ಕೇಳಿದಳು. ಇಲ್ಲವೆಂದೆ. ಕ್ಯಾಸೆಟ್ಟು ಹಚ್ಚಿದೆ. ಮಕ್ಕಳು ಒಬ್ಬರ ಮುಖ ಒಬ್ಬರು ನೋಡಿಕೊಂಡು, "ಇದು ಗಂಡಸರ ದನಿರೀ" ಎಂದರು. ನನಗೆ ನಗು ಬಂತು, ಅದರ ಹಿಂದೆಯೇ ಅಳು. ಸಭೆಯಾದ್ದರಿಂದ ಅತ್ತದ್ದು ಯಾರಿಗೂ ಅಸಂಗತವೆನಿಸಲಿಲ್ಲ.

ನನಗೀಗ ಐವತ್ತೇಳು. ಆ ರಾತ್ರಿ ಅವ್ವನಿಗೂ ಅಷ್ಟೇ ವಯಸ್ಸು. ಆಗ ಅವಳು ನನ್ನ ಕಣ್ಣಿಗೆ ಮುದುಕಿಯಾಗಿದ್ದಳು. ನನಗೂ ಈಗ ರಾತ್ರಿ ನಿದ್ದೆ ಬರುವುದಿಲ್ಲ. 2020ರಲ್ಲಿ ಕೊರೋನಾದಿಂದ ಶಾಲೆಗಳು ಮುಚ್ಚಿದ್ದಾಗ ಮೊಬೈಲಿನಲ್ಲಿ ಪಾಠ ಮಾಡುವುದನ್ನು ಕಲಿತೆ. ಕಲಿಸಿದ ಮಗನೇ ಇನ್ನೊಂದನ್ನೂ ತೋರಿಸಿಕೊಟ್ಟ. ಪ್ರಸಾರ ಭಾರತಿಯವರು ದೂರದರ್ಶನದ ಹಳೆಯ ಮುದ್ರಿಕೆಗಳನ್ನು ಯೂಟ್ಯೂಬಿಗೆ ಹಾಕಿದ್ದಾರೆ. ಅದೇ ಬಿಳಿ ಹಾಸಿನ ಹಲಗೆ, ಅದೇ ಕಾಗದದ ಹೂವು, ತಬಲಾದವರ ಬೆರಳಿಗೆ ಹಾರುವ ಅದೇ ಕ್ಯಾಮೆರಾ. ಗಂಗೂಬಾಯಿಯವರೂ ಸಿಕ್ಕರು. ನೋಡಿದೆ. ಮೊಬೈಲನ್ನು ಸ್ಟೀಲಿನ ತಂಬಿಗೆಗೆ ಆನಿಸಿಟ್ಟು, ಎಲ್ಲರೂ ಮಲಗಿದ ಮೇಲೆ, ಧ್ವನಿ ಸಣ್ಣದು ಮಾಡಿಕೊಂಡು.

ನಾನು ಹುಡುಕುತ್ತಿರುವುದು ಮಾತ್ರ ಬೇರೆ ಒಂದನ್ನು. 1999ರ ಆ ರಾತ್ರಿ ಬಂದ್ ಮಾಡಿದ ಹಾಡು. ಯಾರು ಹಾಡುತ್ತಿದ್ದರು, ಯಾವ ರಾಗ ಎಂದು ನಾನು ಅಂದು ಕೇಳಲಿಲ್ಲ. ಅವ್ವನೂ ಹೇಳಲಿಲ್ಲ. ಗುಂಡಿಗೆ ಕೈಹಾಕುವ ಮುಂಚೆ ಅರೆಗಳಿಗೆ ಕಂಡದ್ದಷ್ಟೇ ನೆನಪು. ವಯಸ್ಸಾದ ಒಬ್ಬರು, ಬಿಳಿ ಜುಬ್ಬಾ, ತೊಡೆಯ ಮೇಲೆ ಸ್ವರಮಂಡಲ. ಬಲಗಡೆ ತಂಬೂರಿ ಹಿಡಿದ ಒಬ್ಬ ಹುಡುಗಿ, ಕಣ್ಣು ಮುಚ್ಚಿಕೊಂಡಿದ್ದಳು. ಇಷ್ಟು ಗುರುತಿನ ಮೇಲೆ ಸಿಗುವಂಥದ್ದಲ್ಲವೆಂದು ಮಗ ಹೇಳುತ್ತಾನೆ. ಆದರೂ ರಾತ್ರಿಗೊಂದನ್ನು ಕಡೆಯವರೆಗೆ ಕೇಳುತ್ತೇನೆ, ನಡುವೆ ಬಂದ್ ಮಾಡುವುದಿಲ್ಲ. ಕೇಳಿ ಕೇಳಿ ಯಮನ್, ದುರ್ಗಾ ಈಗ ಗುರುತು ಸಿಗುತ್ತವೆ. ನಿನ್ನೆ ಕೇಳಿದ್ದರಲ್ಲಿಯೂ ವಯಸ್ಸಾದವರೇ ಇದ್ದರು, ಸ್ವರಮಂಡಲವೂ ಇತ್ತು. ಅದಲ್ಲ. ತಂಬೂರಿಗೆ ಇಬ್ಬರು ಗಂಡುಹುಡುಗರು ಕೂತಿದ್ದರು.